ಪೊರೆಗೊಂದು ದೂರುಪತ್ರ

ನಮ್ಮ ಮನೆಯ ಬಾಡಿಗೆ ಕರಾರಿನಲ್ಲಿ ನಾಯಿ ಕೂಡದು, ಬೆಕ್ಕು ಕೂಡದು ಎಂದು ದಪ್ಪಕ್ಷರದಲ್ಲಿ ಅಚ್ಚಾಗಿತ್ತು. ಜೇಡದ ಸುದ್ದಿಯೇ ಇರಲಿಲ್ಲ. ಮಿನಿಯಾಪೊಲಿಸ್‌ನಲ್ಲಿ ಮನೆ ಬಾಡಿಗೆಗೆ ಕೊಡುವವರಿಗೆ ನನ್ನಂಥವನೊಬ್ಬ ಬಂದಾನೆಂದು ಹೊಳೆದಿರಲಿಕ್ಕಿಲ್ಲ. ಏನಾದರೂ ಸಾಕಲೇಬೇಕೆಂದು ಹಟ ಹಿಡಿದಿದ್ದ ಒಂಬತ್ತು ವರ್ಷದ ಮಗಳು ಶಾಲೆಯ ಪ್ರವಾಸದಲ್ಲಿ ಟರಾಂಟುಲಾ ಜೇಡ ನೋಡಿಕೊಂಡು ಬಂದ ದಿನ, ನಾನು ಆ ಕರಾರನ್ನು ವಕೀಲನ ಕಣ್ಣಿನಿಂದ ಮತ್ತೊಮ್ಮೆ ಓದಿದೆ. ಹೆಂಡತಿ "ನಾನು ಮುಟ್ಟೋಲ್ಲ, ಅದರ ಹತ್ರ ಗುಡಿಸೋದೂ ಇಲ್ಲ" ಎಂದಷ್ಟೇ ಹೇಳಿ ಒಪ್ಪಿದಳು. ಹಿಮ ಬೀಳುವುದನ್ನು ಒಮ್ಮೆ ಕಣ್ಣಾರೆ ನೋಡಬೇಕೆಂದು ತಿಪಟೂರಿನಿಂದ ಬಂದಿದ್ದ ಅಮ್ಮ ಸುಲಭಕ್ಕೆ ಬಿಡಲಿಲ್ಲ. "ದುಡ್ ಕೊಟ್ಟು ಜೇಡ ತರ್ತೀಯೇನ್ಲಾ? ಊರಾಗೆ ಹಬ್ಬ ಬಂದ್ರೆ ಕೋಲಿಗೆ ಪೊರಕೆ ಕಟ್ಕೊಂಡು ಓಡಿಸ್ತೀವಿ ಅದನ್ನ!"

ಎಷ್ಟು ದುಡ್ಡು ಎಂದು ನಾನು ಅವಳಿಗೆ ಇವತ್ತಿಗೂ ಹೇಳಿಲ್ಲ. ಜೇಡಕ್ಕಿಂತ ಅದನ್ನು ಕಳಿಸಿದ ಖರ್ಚೇ ಹೆಚ್ಚು ಎಂಬುದನ್ನಂತೂ ಹೇಳುವ ಧೈರ್ಯ ನನಗೆ ಈ ಜನ್ಮದಲ್ಲಿ ಬರಲಾರದು.

ನನ್ನ ಕಷ್ಟ ಏನೆಂದರೆ, ನಾನು ಓದದೆ ಯಾವ ಕೆಲಸಕ್ಕೂ ಕೈಹಾಕುವವನಲ್ಲ. ಓದಿದ ಮೇಲೆ ಸುಮ್ಮನಿರುವವನೂ ಅಲ್ಲ. ಆ ಶರತ್ಕಾಲವೆಲ್ಲ ಟರಾಂಟುಲಾಗಳ ಬಗ್ಗೆ ಕೈಗೆ ಸಿಕ್ಕಿದ್ದನ್ನೆಲ್ಲ ಓದಿ, ಆಫೀಸಿನ ಊಟದ ಮೇಜಿನಲ್ಲಿ ಭಾಷಣ ಬಿಗಿಯತೊಡಗಿದೆ. ಸಾವಿರಕ್ಕೂ ಹೆಚ್ಚು ಪ್ರಭೇದಗಳಿವೆ. ಅಮೆರಿಕ ಖಂಡಗಳ ಹೆಚ್ಚಿನ ಜೇಡಗಳಿಗೆ ಹೊಟ್ಟೆಯ ಮೇಲೆ ತುರಿಕೆಯ ರೋಮವಿದೆ, ಸಿಟ್ಟು ಬಂದರೆ ಹಿಂಗಾಲಿನಿಂದ ಅದನ್ನೇ ಒದ್ದು ಹಾರಿಸುತ್ತವೆ. ಏಷ್ಯಾ, ಆಫ್ರಿಕಾದವಕ್ಕೆ ಆ ರೋಮವಿಲ್ಲ, ಬದಲಿಗೆ ಕಾಲಿನ ವೇಗವೂ ಕಡಿತದ ನೋವೂ ಜಾಸ್ತಿ. ಬೆಳೆಯಬೇಕಾದರೆ ಹಾವಿನಂತೆ ಇವೂ ಪೊರೆ ಬಿಡಬೇಕು, ಹಾಗೆ ಬಿಡುವಾಗ ಅಂಗಾತ ಮಲಗುತ್ತವೆ, ಗೊತ್ತಿಲ್ಲದವರು ಸತ್ತೇ ಹೋಯಿತೆಂದು ಎಸೆದುಬಿಡುತ್ತಾರೆ. ಈ ಕೊನೆಯ ಮಾತಿಗೆ ನಾನೇ ನಗುತ್ತಿದ್ದೆ. "ಎಂಥ ದಡ್ಡರಿರ್ತಾರೆ ನೋಡಿ" ಅಂತಲೂ ಅಂದಿದ್ದೆ. ಕೇಳಿಸಿಕೊಂಡವರು ಇನ್ನೂ ಅದೇ ಆಫೀಸಿನಲ್ಲಿದ್ದಾರೆ.

ಜೇಡ ಮಾರುವ ವ್ಯಾಪಾರಿಯೊಬ್ಬನ ಪಟ್ಟಿಯಲ್ಲಿ ನನ್ನ ಕಣ್ಣು ಮೊದಲು ನಿಂತದ್ದು 'ಗೂಟಿ ಸಫೈರ್' ಎಂಬ ಹೆಸರಿನ ಮೇಲೆ. ಮೈಯೆಲ್ಲ ನೀಲಿ, ಅದರ ಮೇಲೆ ಬಿಳಿ ಚಿತ್ತಾರ. ಗೂಟಿ ಯಾವ ದೇಶವಪ್ಪಾ ಎಂದು ನೋಡಿದರೆ ನಮ್ಮ ಬಳ್ಳಾರಿಯಾಚೆಯ ಗುತ್ತಿ! ಗುಂತಕಲ್ಲು ದಾಟಿದರೆ ಸಿಗುವ ರೈಲು ನಿಲ್ದಾಣ. 1899ರಲ್ಲಿ ಪೊಕಾಕ್ ಎಂಬ ಇಂಗ್ಲಿಷ್ ಪ್ರಾಣಿಶಾಸ್ತ್ರಜ್ಞ ಅಲ್ಲಿಂದ ಬಂದ ಒಂದೇ ಒಂದು ಜೇಡವನ್ನು ನೋಡಿ ಅದಕ್ಕೆ ಶಾಸ್ತ್ರೀಯ ಹೆಸರಿಟ್ಟ. ಆಮೇಲೆ ನೂರು ವರ್ಷ ಅದರ ಸುಳಿವಿಲ್ಲ. 2001ರಲ್ಲಿ ಮತ್ತೆ ಸಿಕ್ಕಿದ್ದು ನಂದ್ಯಾಲ ಮತ್ತು ಗಿದ್ದಲೂರಿನ ನಡುವಿನ ಕಾಡಿನಲ್ಲಿ, ಗುತ್ತಿಯಿಂದ ನೂರು ಕಿಲೋಮೀಟರಿನಷ್ಟು ದೂರ. ಮೊದಲ ಜೇಡ ರೈಲಿಗೆ ತುಂಬಿದ ಮರದ ಜೊತೆ ಗುತ್ತಿಗೆ ಬಂದಿಳಿದಿರಬೇಕು ಎನ್ನುತ್ತಾರೆ ತಿಳಿದವರು. ಪಾರ್ಸೆಲ್ ಇಳಿದ ಊರನ್ನೇ ಹುಟ್ಟೂರೆಂದು ಬರೆದುಕೊಂಡದ್ದಾಯಿತು. ಅದರ ಕುಲದ ಎಲ್ಲ ಜೇಡಗಳ ಅಂತಾರಾಷ್ಟ್ರೀಯ ವ್ಯಾಪಾರಕ್ಕೆ 2019ರಲ್ಲಿ ಕಡಿವಾಣ ಬಿದ್ದಿದೆ. ಈ ವ್ಯಾಪಾರಿಯ ಬಳಿ ಇದ್ದದ್ದು ಅಲ್ಲೇ ಸಾಕಿ ಮರಿ ಮಾಡಿಸಿದವು. ನಮ್ಮ ಕಡೆಯ ಜೇಡವೆಂಬ ಅಭಿಮಾನ ಉಕ್ಕಿ ಅದನ್ನೇ ಕೇಳಿದೆ. "ಮೊದಲ ಸಲ ಸಾಕುವವರಿಗೆ ನಾನು ಅದನ್ನು ಕೊಡುವುದಿಲ್ಲ" ಎಂದ. ಕಚ್ಚಿದರೆ ದಿನಗಟ್ಟಲೆ ಸ್ನಾಯು ಹಿಡಿದುಕೊಳ್ಳುತ್ತದಂತೆ. ಹಾಗಾಗಿ ಮಧ್ಯ ಅಮೆರಿಕದ, ಗುಂಗುರು ರೋಮದ, ಸಾಧು ಸ್ವಭಾವದ ಒಂದು ಮರಿಜೇಡಕ್ಕೆ ಒಪ್ಪಂದವಾಯಿತು. ಬೆಳೆದರೆ ಅಂಗೈ ಅಗಲವಾಗುವಂಥದ್ದು. ಹೆಣ್ಣಾದರೆ ಇಪ್ಪತ್ತು ವರ್ಷ ಬದುಕೀತು, ಗಂಡಾದರೆ ಅದರ ಅರ್ಧವೂ ಇಲ್ಲ. ಗಂಡೋ ಹೆಣ್ಣೋ ಮರಿಯಲ್ಲಿ ಹೇಳಲಾಗದು ಎಂದ. ಮಗಳು ಕಾಯಲಿಲ್ಲ, ಗುಂಗಮ್ಮ ಎಂದು ಹೆಸರಿಟ್ಟುಬಿಟ್ಟಳು.

ಕಳಿಸುವ ವಿಷಯದಲ್ಲಿ ಆ ಮನುಷ್ಯ ಬಲು ಕಟ್ಟುನಿಟ್ಟು. ವಾರಾಂತ್ಯಕ್ಕೆ ಮುಂಚೆ ಕಳಿಸುವುದಿಲ್ಲ, ದಾರಿಯಲ್ಲಿ ಗೋದಾಮಿನಲ್ಲಿ ಸಿಕ್ಕಿಬೀಳುತ್ತದೆ. ನಿಮ್ಮೂರಿನ ಚಳಿ ಫ್ಯಾರನ್‌ಹೀಟ್ 40 ಡಿಗ್ರಿಗಿಂತ, ಅಂದರೆ ಸುಮಾರು 4 ಸೆಲ್ಸಿಯಸ್‌ಗಿಂತ ಕೆಳಗಿಳಿದರೆ ಮನೆಗೆ ತರಿಸಿಕೊಳ್ಳಬೇಡಿ, ಕೊರಿಯರ್ ಕೇಂದ್ರದಲ್ಲೇ ಹಿಡಿದಿಡಲು ಹೇಳುತ್ತೇನೆ, ಹೋಗಿ ತನ್ನಿ. ಹಾಗೆ ಮಾಡಿದರೆ ಮಾತ್ರ ಜೀವಂತ ತಲುಪಿಸುವ ಖಾತರಿ. ಹೀಗೆ ಬರೆದಿದ್ದ. ನವೆಂಬರ್ ತಿಂಗಳು, ಕೇಂದ್ರವಿದ್ದದ್ದು ಊರಾಚೆ, ರಸ್ತೆಯಲ್ಲಿ ಮಂಜುಗಡ್ಡೆ. ಅಂದು ಮನೆಯಿಂದಲೇ ಕೆಲಸ ಮಾಡುತ್ತೇನೆ, ಬಾಗಿಲಲ್ಲೇ ಇರುತ್ತೇನೆ, ಮನೆಗೇ ಕಳಿಸಿ ಎಂದು ಉತ್ತರಿಸಿದೆ. ಖಾತರಿ ಬೇಡವೆಂಬ ಚೌಕದಲ್ಲಿ ಗುರುತೂ ಹಾಕಿದೆ.

ಪಾರ್ಸೆಲ್ ಬಂದಾಗ ನಾನು ಬಾಗಿಲಲ್ಲಿರಲಿಲ್ಲ. ಎರಡೂ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಮೀಟಿಂಗಿನಲ್ಲಿದ್ದೆ. ಅಮ್ಮನಿಗೆ ಗಂಟೆ ಕೇಳಿಸಿತ್ತು. ಆದರೆ ಗುರುತಿಲ್ಲದವರಿಗೆ ಬಾಗಿಲು ತೆಗೆಯಬೇಡ ಎಂದು ಅವಳು ಬಂದ ದಿನವೇ ತಾಕೀತು ಮಾಡಿದವನು ನಾನೇ. ಹೀಗೆ ಗುಂಗಮ್ಮನ ಪೆಟ್ಟಿಗೆ ಮಧ್ಯಾಹ್ನದವರೆಗೆ ಹೊರಗಿನ ಮೆಟ್ಟಿಲ ಮೇಲೆ ಚಳಿಯಲ್ಲಿ ಕೂತಿತ್ತು.

ಪ್ಯಾಕಿಂಗ್ ನೋಡಿದರೆ ಕೈಮುಗಿಯಬೇಕು. ರಟ್ಟಿನ ಪೆಟ್ಟಿಗೆಯ ಆರೂ ಬದಿಗೆ ಥರ್ಮಾಕೋಲ್. ಮುಚ್ಚಳದ ಒಳಬದಿಗೆ ಟೇಪಿನಲ್ಲಿ ಅಂಟಿಸಿದ ಹೀಟ್ ಪ್ಯಾಕ್, ಜೇಡಕ್ಕೆ ನೇರ ತಾಗದಂತೆ ನಡುವೆ ಕಾಗದ. ಆ ಚೀಲದಲ್ಲಿರುವುದು ಕಬ್ಬಿಣದ ಪುಡಿ. ಗಾಳಿ ತಾಗಿ ತುಕ್ಕು ಹಿಡಿಯುತ್ತಾ ಬಿಸಿಯಾಗುತ್ತದೆ, ಅದಕ್ಕೇ ಪೆಟ್ಟಿಗೆಗೆ ಸಣ್ಣ ತೂತು ಬಿಟ್ಟಿರುತ್ತಾರೆ. ನಡುವೆ ತೂತು ಕೊರೆದ ಪ್ಲಾಸ್ಟಿಕ್ ಡಬ್ಬಿ, ಅದರೊಳಗೆ ಒದ್ದೆ ಟಿಶ್ಯೂ ಕಾಗದದ ಗೂಡು, ಗೂಡಿನೊಳಗೆ ಜೇಡ. ದಾರಿಯಲ್ಲಿ ಎಷ್ಟೇ ಎತ್ತಿಹಾಕಿದರೂ ಒಳಗೆ ಅಲ್ಲಾಡುವಂತಿಲ್ಲ. ಇಷ್ಟೆಲ್ಲ ಮಾಡಿ ಸಾವಿರಾರು ಮೈಲಿ ಜೋಪಾನವಾಗಿ ತಲುಪಿಸಿದ್ದನ್ನು ನಾನು ನನ್ನ ಬಾಗಿಲ ಮುಂದಿನ ಕೊನೆಯ ಗೇಣಿನಲ್ಲಿ ಕೆಡಿಸಿದ್ದೆ.

ಡಬ್ಬಿ ತೆರೆದಾಗ ಎಂಟೂ ಕಾಲು ಒಳಕ್ಕೆ ಮಡಚಿಕೊಂಡು ಮುದ್ದೆಯಾಗಿತ್ತು. ಜೇಡಗಳಿಗೆ ಕಾಲು ಮಡಚಲು ಸ್ನಾಯುಗಳಿವೆ, ಮುಖ್ಯ ಕೀಲುಗಳನ್ನು ಚಾಚಲು ಇಲ್ಲ. ಮೈಯೊಳಗಿನ ನೀಲಿ ರಕ್ತವನ್ನು ಒತ್ತಡದಿಂದ ಕಾಲಿಗೆ ತಳ್ಳಿ ಚಾಚುತ್ತವೆ. ನೀರು ಕಡಿಮೆಯಾದರೆ, ಜೀವ ಕುಗ್ಗಿದರೆ ಒತ್ತಡ ಇಳಿದು ಕಾಲುಗಳು ತಾವಾಗಿ ಮುದುಡುತ್ತವೆ. ಇದನ್ನೂ ನಾನು ಊಟದ ಮೇಜಿನಲ್ಲಿ ಹೇಳಿದ್ದೆ. ಈಗ ಅದಕ್ಕೆ ಬೇಕಿದ್ದದ್ದು ಮನೆಯ ಸಾಧಾರಣ ಬೆಚ್ಚಗಿನ ಹವೆ, ಒಂದು ಬಟ್ಟಲು ನೀರು, ಕತ್ತಲು. ನಾನು ಮಾಡಿದ್ದು, ಡಬ್ಬಿಯನ್ನು ಒಯ್ದು ಹೀಟರಿನ ಬಿಸಿಗಾಳಿ ನುಗ್ಗುವ ಜಾಲರಿಯ ಮೇಲಿಟ್ಟದ್ದು. ಅಮ್ಮ ಬಂದು ನೋಡಿ, "ಹಪ್ಪಳ ಸುಡ್ತಿದ್ದೀಯೇನ್ಲಾ?" ಎಂದಳು. ತೆಗೆದೆ. ಸಂಜೆಯ ಹೊತ್ತಿಗೆ ಒಂದು ಕಾಲು ಮಿಸುಕಿತು, ರಾತ್ರಿಗೆ ಎಂಟೂ ಚಾಚಿದವು. ನನ್ನ ಉಪಚಾರದಿಂದ ಬದುಕಿತೆಂದು ಮಗಳಿಗೆ ಹೇಳಿಕೊಂಡೆ.

ಡಬ್ಬಿಯ ಬಾಯಿ ತೆರೆದು ಅದರ ಮನೆಯಾಗಬೇಕಿದ್ದ ಗಾಜಿನ ಪೆಟ್ಟಿಗೆಯೊಳಗಿಟ್ಟರೆ ತನ್ನ ಹೊತ್ತಿಗೆ ತಾನೇ ಹೊರಗೆ ಬರುತ್ತದೆ. ಬೆಳಗಿನವರೆಗೆ ಕಾಯಲಾರದೆ ನಾನು ಚಿಮಟದಿಂದ ಟಿಶ್ಯೂ ಎಳೆದೆ. ಗುಂಗಮ್ಮ ಹಿಂಗಾಲೆತ್ತಿ ಹೊಟ್ಟೆ ಕೆರೆದುಕೊಂಡಂತೆ ಮಾಡಿದಳು, ಅಷ್ಟೇ. ಆಮೇಲೆ ಒಂದು ವಾರ ಕೆರೆದುಕೊಂಡವನು ನಾನು, ಮಣಿಕಟ್ಟಿನಿಂದ ಕುತ್ತಿಗೆಯವರೆಗೆ.

ಗಾಜಿನ ಪೆಟ್ಟಿಗೆಯೊಳಗೆ ಹಾಸಲು ಸಾಕುಪ್ರಾಣಿ ಅಂಗಡಿಯಿಂದ ಒಂದು ಇಟ್ಟಿಗೆ ತಂದಿದ್ದೆ. ನೀರಿಗೆ ಹಾಕಿದರೆ ಬುಟ್ಟಿ ತುಂಬ ಉಬ್ಬುವ ತೆಂಗಿನ ನಾರಿನ ಪುಡಿ. ಅಮ್ಮ ಅದನ್ನು ಬೆರಳಲ್ಲಿ ಉಜ್ಜಿ ಮೂಸಿ ನೋಡಿ ಗುರುತು ಹಿಡಿದಳು. ತಿಪಟೂರು, ಅರಸೀಕೆರೆ ಕಡೆ ನಾರಿನ ಕಾರ್ಖಾನೆಗಳ ಹಿಂದೆ ಗುಡ್ಡೆ ಬಿದ್ದಿರುವುದನ್ನು ನಾವಿಬ್ಬರೂ ನೋಡಿದವರೇ. ಬೆಲೆ ಕೇಳಿದಳು. ಅದನ್ನೂ ಹೇಳಲಿಲ್ಲ.

ಹೊಸ ಜಾಗಕ್ಕೆ ಬಂದ ಟರಾಂಟುಲಾವನ್ನು ಒಂದು ವಾರವಾದರೂ ಅದರ ಪಾಡಿಗೆ ಬಿಡಬೇಕು. ಮೂಲೆಯಲ್ಲಿ ಕೂರುತ್ತದೆ, ಗಾಜು ಹತ್ತುತ್ತದೆ, ತಿನ್ನುವುದಿಲ್ಲ, ಕೆಲವು ತಿಂಗಳುಗಟ್ಟಲೆ ಉಪವಾಸ ಇರುತ್ತವೆ, ಏನೂ ಆಗುವುದಿಲ್ಲ. ನನಗೆ ಪ್ರತಿಯೊಂದೂ ಕಾಯಿಲೆಯಾಗಿ ಕಂಡಿತು. ಗಾಜು ಹತ್ತಿದಾಗ ಮಣ್ಣು ಒದ್ದೆ ಹೆಚ್ಚಾಯಿತೆಂದು ಎಲ್ಲ ಬದಲಾಯಿಸಿದೆ. ಕೆಳಗಿಳಿದಾಗ ಒಣಗಿತೆಂದು ನೀರು ಚಿಮುಕಿಸಿದೆ. ನಾನು ಕೊಂಡಿದ್ದ ಪೆಟ್ಟಿಗೆಯೇ ಎತ್ತರದ್ದು, ನೋಡಲು ಚೆಂದವೆಂದು. ನೆಲದ ಜೇಡ ಅಷ್ಟು ಮೇಲಿಂದ ಬಿದ್ದರೆ ಹೊಟ್ಟೆ ಒಡೆದು ಸಾಯುತ್ತದೆಂದು ಓದಿದ್ದು ಆಮೇಲೆ ನೆನಪಾಗಿ, ಮತ್ತೆ ಎಲ್ಲ ಕಿತ್ತು ಮಣ್ಣು ಏರಿಸಿದೆ. ಜನವರಿ ಹೊತ್ತಿಗೆ ಗುಂಗಮ್ಮ ಅಡಗಲೆಂದು ನಾನಿಟ್ಟಿದ್ದ ತೆಂಗಿನ ಚಿಪ್ಪಿನಡಿ ಬಿಲ ತೋಡಿಕೊಂಡು, ಬಾಗಿಲಿಗೆ ಮಣ್ಣು ಒಟ್ಟಿ ಮುಚ್ಚಿಕೊಂಡಳು. ಉಸಿರುಗಟ್ಟೀತೆಂದು ಚಮಚದಲ್ಲಿ ತೆರೆದೆ. ಮರುದಿನ ಮತ್ತೆ ಮುಚ್ಚಿತ್ತು. ಮತ್ತೆ ತೆರೆದೆ. ಅಮ್ಮ ಸೊಪ್ಪು ಸೋಸುತ್ತಾ ನೋಡುತ್ತಿದ್ದವಳು, "ಕಾವಿಗೆ ಕೂತ ಕೋಳೀನ ಯಾರಾದ್ರೂ ದಿನಾ ಎಬ್ಬಿಸಿ ನೋಡ್ತಾರೇನ್ಲಾ?" ಎಂದಳು. ಇದು ಕೋಳಿಯಲ್ಲ ಅಮ್ಮ, ಇದರದ್ದು ಬೇರೆಯೇ ಶಾಸ್ತ್ರ ಎಂದೆ. ಅದೇ ತಿಂಗಳು ಅಮ್ಮನ ವಿಷಯದಲ್ಲೂ ನಾನು ಚಮಚ ಹಿಡಿದೇ ಓಡಾಡುತ್ತಿದ್ದೆ ಎನ್ನುವುದು ನನಗೆ ಹೊಳೆದಿರಲಿಲ್ಲ. ಕಿಟಕಿ ಪಕ್ಕ ಸುಮ್ಮನೆ ಕೂತು ಹಿಮ ನೋಡುವವಳನ್ನು ಬೇಸರವಾಗಿದೆಯೆಂದು ಎಬ್ಬಿಸಿ ಮಾಲ್‌ಗೆ ಒಯ್ಯುವುದು, ಚಳಿಯೆಂದು ಹೀಟರ್ ಏರಿಸಿ ಅವಳ ತುಟಿ ಒಡೆಸುವುದು.

ಇನ್ನು ಆ ಬೆಳಗಿನ ಕಥೆ. ಫೆಬ್ರವರಿಯ ಒಂದು ಶನಿವಾರ ಎದ್ದು ನೋಡಿದರೆ ಬಿಲದ ಬಾಯಿಯ ಹೊರಗೆ ಗುಂಗಮ್ಮ ಬಿದ್ದಿದ್ದಾಳೆ. ಎಂಟು ಕಾಲು, ರೋಮ, ಎರಡು ಕೋರೆಹಲ್ಲು, ಎಲ್ಲ ಇದೆ, ಜೀವ ಮಾತ್ರ ಇಲ್ಲ. ಊದಿದೆ, ಪೊಳ್ಳಾಗಿ ಉರುಳಿತು. ನನ್ನ ಎದೆಯಲ್ಲಿ ಮೊದಲು ಎದ್ದದ್ದು ದುಃಖ ಎಂದು ಹೇಳಬೇಕೆಂದಿದೆ. ಎದ್ದದ್ದು ಸಿಟ್ಟು. ಮಗಳು ಏಳುವುದಕ್ಕೆ ಮುಂಚೆ ಇದು ಯಾರ ತಪ್ಪು ಎಂಬುದು ತೀರ್ಮಾನವಾಗಬೇಕಿತ್ತು, ಆ 'ಯಾರು' ನಾನಾಗಿರಬಾರದಿತ್ತು.

ಅಮ್ಮ ಕಾಫಿ ಲೋಟ ಹಿಡಿದು ಬಂದು ಕನ್ನಡಕದ ಮೇಲಿಂದ ನೋಡಿ, "ಪೊರೆ ಇದ್ದಂಗಿದೆಯಲ್ಲೋ" ಎಂದಳು. ನಾನು ಲ್ಯಾಪ್‌ಟಾಪ್ ತೆರೆಯುತ್ತಾ, "ಪೊರೆ ಬಿಡೋವಾಗ ಅಂಗಾತ ಮಲಗುತ್ತೆ ಅಮ್ಮ, ಇದು ಮಲಗೇ ಇಲ್ಲ" ಎಂದೆ. ನಾನು ಮಲಗಿದ್ದ ಹೊತ್ತಿನಲ್ಲಿ ಅದು ಮಲಗಿ ಎದ್ದಿರಬಹುದು ಎಂಬುದು ಓದಿದ ತಲೆಗೆ ಹೊಳೆಯಲಿಲ್ಲ. "ಸರಿ, ನಿನಗೇ ಗೊತ್ತಪ್ಪ" ಎಂದು ಅವಳು ಅಡುಗೆಮನೆಗೆ ಹೋದಳು.

ದೂರು ಬರೆಯಲು ಕೂತೆ. ನನ್ನ ಇಂಗ್ಲಿಷಿನ ಬಗ್ಗೆ ನನಗೆ ಕೊಂಚ ಜಂಬ. ಅಂಥ ಪತ್ರಕ್ಕೆ ಅವಕಾಶ ಸಿಗುವುದೂ ಅಪರೂಪ. ರೋಗವಿದ್ದ ಪ್ರಾಣಿಯನ್ನು ಕಳಿಸಿದ್ದೀರಿ ಎಂದು ಆರಂಭಿಸಿದೆ. ಎಳೆಯ ಮಗುವಿನ ಮನಸ್ಸಿಗಾದ ಆಘಾತಕ್ಕೆ ಒಂದು ಪ್ಯಾರಾ. ವೃತ್ತಿಧರ್ಮದ ಬಗ್ಗೆ ಒಂದು ಪ್ಯಾರಾ, ಅದರಲ್ಲಿ ಒಂದು ಪದ ಒರಟಾಯಿತೆನಿಸಿ ಬದಲಾಯಿಸಿದೆ, ಮೃದುವಾಯಿತೆನಿಸಿ ಮತ್ತೆ ಹಳೆಯದನ್ನೇ ಹಾಕಿದೆ. ಮೆಟ್ಟಿಲ ಮೇಲಿನ ಚಳಿಯ ವಿಷಯ ಬರೆಯಲಿಲ್ಲ. ಖಾತರಿ ಬೇಡವೆಂದು ಗುರುತು ಹಾಕಿದ್ದೂ ಬರೆಯಲಿಲ್ಲ. ಹಣ ವಾಪಸ್ ಕೇಳಿ, ಮೃತದೇಹದ ಫೋಟೊ ಲಗತ್ತಿಸಿ, ಎರಡು ಸಲ ಓದಿ ಕಳಿಸಿದೆ. ಬಿಸಿಯಾಗಿ ಬಂದಿದ್ದ ಕಾಫಿ ಅಷ್ಟರಲ್ಲಿ ಕೆನೆಗಟ್ಟಿತ್ತು.

ಉತ್ತರ ಬೇಗ ಬಂತು. ಅದರಲ್ಲಿ ಸಿಟ್ಟಿರಲಿಲ್ಲ, ವ್ಯಂಗ್ಯವೂ ಇರಲಿಲ್ಲ, ಇದ್ದಿದ್ದರೆ ನನಗೆ ಅನುಕೂಲವಾಗುತ್ತಿತ್ತು. ಫೋಟೊದಲ್ಲಿ ತಲೆಯ ಮೇಲಿನ ಚಿಪ್ಪು ಮುಚ್ಚಳದಂತೆ ತೆರೆದುಕೊಂಡಿರುವುದನ್ನು ಗಮನಿಸಿ, ಇದು ಪೊರೆ, ಜೇಡ ಬಿಲದಲ್ಲಿದೆ, ಅಭಿನಂದನೆ ಎಂದಿದ್ದ. ಮುಂದಿನ ಸಾಲು: ಒಳಗೆ ಕ್ರಿಕೆಟ್ ಹುಳ ಬಿಟ್ಟಿದ್ದೀರಾ? ಬಿಟ್ಟಿದ್ದರೆ ಈಗಲೇ ತೆಗೆಯಿರಿ.

ಬಿಟ್ಟಿದ್ದೆ. ರಾತ್ರಿ ಚಿರ್ರೆನ್ನುವ ಆ ಮಿಡತೆಯ ದಾಯಾದಿಯನ್ನು, ಉಪವಾಸ ಮುರಿದೀತೆಂಬ ಆಸೆಯಿಂದ ಹಿಂದಿನ ಸಂಜೆಯೇ ಒಳಗೆ ಬಿಟ್ಟಿದ್ದೆ. ಆಗತಾನೇ ಪೊರೆ ಬಿಟ್ಟ ಟರಾಂಟುಲಾದ ಮೈ ಮೆತ್ತಗೆ. ಕಪ್ಪಾಗಿರಬೇಕಾದ ಕೋರೆಹಲ್ಲೂ ಬೆಳ್ಳಗೆ, ಕಚ್ಚಲು ಬಾರದಷ್ಟು ಎಳಸು. ಗಟ್ಟಿಯಾಗಲು ದಿನಗಳು ಬೇಕು. ಆ ದಿನಗಳಲ್ಲಿ ತಿನ್ನುವವರು ತಿನ್ನಿಸಿಕೊಳ್ಳುವವರು ಅದಲುಬದಲಾಗುತ್ತಾರೆ. ತೆಂಗಿನ ಚಿಪ್ಪೆತ್ತಿ ನೋಡಿದೆ. ಗುಂಗಮ್ಮ ಹೊಳೆಯುವ ಹೊಸ ಬಣ್ಣದಲ್ಲಿ ಅಲುಗಾಡದೆ ಕೂತಿದ್ದಳು. ಹಿಂಗಾಲೊಂದರ ಮೇಲೆ ಹುಳ ಕೂತು ಮೇಯುತ್ತಿತ್ತು. ನಾನು ವೃತ್ತಿಧರ್ಮದ ಪ್ಯಾರಾ ತಿದ್ದುತ್ತಿದ್ದ ಹೊತ್ತಿನಲ್ಲೂ ಅದು ಅಲ್ಲೇ ಇತ್ತೇ? ಲೆಕ್ಕ ಹಾಕಲು ಹೋಗಲಿಲ್ಲ.

ಗಾಯಕ್ಕೆ ಕಾರ್ನ್‌ಫ್ಲೋರ್ ಉದುರಿಸಿ, ರಕ್ತ ಕಟ್ಟುತ್ತದೆ, ಮತ್ತೇನೂ ಮಾಡಬೇಡಿ ಎಂದು ವ್ಯಾಪಾರಿ ಬರೆದ. 'ಮತ್ತೇನೂ ಮಾಡಬೇಡಿ' ಎಂಬುದಕ್ಕೆ ಅಡಿಗೆರೆ ಎಳೆದಿದ್ದ. ಅಮ್ಮ ಅಡುಗೆಮನೆಯಿಂದ ಡಬ್ಬಿ ತಂದುಕೊಟ್ಟಳು. ಪೊರೆಯ ವಿಷಯ ಎತ್ತಲಿಲ್ಲ, ಅಂದೂ ಎತ್ತಲಿಲ್ಲ, ಆಮೇಲೂ ಎತ್ತಿಲ್ಲ. ಎತ್ತಿದ್ದರೆ ಒಂದಿಷ್ಟು ಜಗಳವಾಡಿ ಹಗುರಾಗಬಹುದಿತ್ತು. ಕೆಲವು ದಿನಗಳಲ್ಲಿ ಆ ಕಾಲನ್ನು ಗುಂಗಮ್ಮ ಬುಡದಲ್ಲೇ ಕಳಚಿ ಹಾಕಿದಳು. ಜೇಡಗಳಿಗೆ ಅದು ಬರುತ್ತದೆ, ಮುಂದಿನ ಪೊರೆಯಲ್ಲಿ ಕಡ್ಡಿಯಂಥ ಸಣ್ಣ ಕಾಲೊಂದು ಮೂಡಿ, ಅದರ ಮುಂದಿನ ಪೊರೆಗಳಲ್ಲಿ ಬೆಳೆಯುತ್ತದೆ. ಮಗಳಿಗೆ ಇದನ್ನೆಲ್ಲ ವಿವರಿಸಿದೆ. ಅವಳು ಕೇಳಿಸಿಕೊಂಡು, "ಕ್ರಿಕೆಟ್ ಹಾಕಿದ್ದು ಯಾರು ಅಪ್ಪಾ?" ಎಂದಳು.

ನಾಚಿಕೆಯಲ್ಲಿಯೂ ತರತಮವಿದೆ. ಪೊರೆಯನ್ನು ಹೆಣವೆಂದುಕೊಂಡದ್ದು ನಗುವ ವಿಷಯ, ಸೋಮವಾರ ನಾನೇ ಆಫೀಸಿನಲ್ಲಿ ಹೇಳಿ ನಗಿಸಿದೆ. ಕಾಲಿನ ವಿಷಯ ಹೇಳಲಿಲ್ಲ. ಅದನ್ನು ಹೇಳಬೇಕಾದರೆ ಮೆಟ್ಟಿಲು, ಜಾಲರಿ, ಚಿಮಟ, ಚಮಚ ಎಲ್ಲ ಹೇಳಬೇಕಾಗುತ್ತಿತ್ತು. ಒಂದೊಂದಾಗಿ ನೋಡಿದರೆ ಎಲ್ಲವೂ ಕಾಳಜಿಯೇ. ಆ ಜೇಡಕ್ಕೆ ಏನು ಬೇಕು ಎಂದು ನಾನು ಕೇಳಿಕೊಂಡದ್ದು ಮಾತ್ರ ಕಡಿಮೆ, ನನಗೆ ಏನಾದರೂ ಮಾಡಬೇಕಿತ್ತು. ಗಾಜಿನಾಚೆ ಏನೂ ನಡೆಯದಿದ್ದರೆ, ನಾನು ಕೊಟ್ಟ ದುಡ್ಡಿಗೆ, ಓದಿದ ಓದಿಗೆ ಅರ್ಥವೇನು ಎಂಬಂಥ ಚಡಪಡಿಕೆ. ಹಾಗಂತ ಈಗ ನಾನು ಶಾಂತಮೂರ್ತಿ ಆಗಿದ್ದೇನೆಂದಲ್ಲ. ಚಮಚವನ್ನು ಹೆಂಡತಿ ಎತ್ತಿಟ್ಟಿದ್ದಾಳೆ, ಅಷ್ಟೇ.

ಆ ಪೊರೆಯಿಂದ ಒಂದು ಉಪಕಾರವಾಯಿತು. ಹೊಟ್ಟೆಯ ಭಾಗದ ಚರ್ಮವನ್ನು ನೀರಲ್ಲಿ ನೆನೆಸಿ ಬಿಡಿಸಿ, ಒಳಮೈಯ ಫೋಟೊ ಕಳಿಸಿ ಎಂದು ವ್ಯಾಪಾರಿ ಕೇಳಿದ. ಹೆಣ್ಣಾದರೆ ವೀರ್ಯ ಕೂಡಿಡುವ ಚೀಲದ ಅಚ್ಚು ಅಲ್ಲಿ ಉಳಿದಿರುತ್ತದಂತೆ. ಉಳಿದಿತ್ತು. ಮಗಳು ಇಟ್ಟ ಹೆಸರು ಸರಿಯಾಗಿತ್ತು. ಇನ್ನು ಇಪ್ಪತ್ತು ವರ್ಷ ಈ ಮನೆಯಲ್ಲಿ ಗುಂಗಮ್ಮ ಇರುತ್ತಾಳೆಂದು ಅಮ್ಮನಿಗೆ ಹೇಳಿದರೆ, "ನನಗಿಂತ ಗಟ್ಟಿ ಅನ್ನು" ಎಂದು ಮೊದಲ ಸಲ ಗಾಜಿನ ಹತ್ತಿರ ಬಗ್ಗಿ ನೋಡಿದಳು. ಮಾರ್ಚಿನಲ್ಲಿ ಊರಿಗೆ ಹೋದಳು. ಈಗ ಫೋನಿನಲ್ಲಿ ಮೊಮ್ಮಗಳಾದ ಮೇಲೆ ಅದನ್ನು ವಿಚಾರಿಸುತ್ತಾಳೆ, ಆಮೇಲೆ ನನ್ನನ್ನು.

ಮುಂದಿನ ವರ್ಷ ಮಗಳಿಗೆ ಎರಡನೆಯದು ಬೇಕಾಯಿತು. ಅದೇ ವ್ಯಾಪಾರಿಯಲ್ಲಿ ಕೇಳಲು ಮುಖವಿಲ್ಲದೆ ಬೇರೆಯವರನ್ನು ಹುಡುಕಿದೆ. ಅಷ್ಟು ಚೆನ್ನಾಗಿ ಪ್ಯಾಕ್ ಮಾಡುವವರು ಸಿಗಲಿಲ್ಲ, ಕೊನೆಗೆ ಅವನಿಗೇ ಬರೆದೆ. ಮೇ ತಿಂಗಳ ಹಿತವಾದ ಹವೆಯಲ್ಲಿ, ಕೊರಿಯರ್ ಕೇಂದ್ರದ ಬಾಗಿಲು ತೆರೆಯುವುದಕ್ಕೆ ಮುಂಚೆಯೇ ಹೋಗಿ ನಿಂತು ಪೆಟ್ಟಿಗೆ ತಂದೆ. ಒಳಗಿನ ಬಿಲ್ಲಿನ ಕೆಳಗೆ ನೀಲಿ ಪೆನ್ನಿನಲ್ಲಿ ಎರಡು ಸಾಲು: "ಪೊರೆ ಬಿಟ್ಟಾಗ ದಯವಿಟ್ಟು ಫೋಟೊ ಕಳಿಸಿ. ಸಂತಾಪ ಸೂಚಿಸುತ್ತೇವೆ." ಹೆಂಡತಿ ಅದನ್ನು ಫ್ರಿಜ್ಜಿನ ಬಾಗಿಲಿಗೆ ಅಂಟಿಸಿದ್ದಾಳೆ. ಮನೆಗೆ ಬಂದವರು ಏನಿದು ಎಂದು ಕೇಳುತ್ತಾರೆ. ಮಗಳು ಹೇಳುತ್ತಾಳೆ, ನನಗಿಂತ ಚೆನ್ನಾಗಿ, ನನ್ನ ಪತ್ರದ ಒಕ್ಕಣೆ ಸಮೇತ.